ನಾಲ್ಕನೆಯ ಗೊರಿಲ್ಲಾದ ಬಾಯಿ

"ಇದು ದೇವ್ರಾ, ರಾಕ್ಷಸ್ನಾ? ಅದೇಳು ಮೊದ್ಲು."

ಗೊರಿಲ್ಲಾಗಳ ಚಿತ್ರಗಳನ್ನು ಸಿಮೆಂಟ್ ಮೂಟೆಯ ಮೇಲೆ ಹರಡಿ ನಾನಿನ್ನೂ ಬಾಯಿ ತೆರೆಯುವ ಮೊದಲೇ ಮೇಸ್ತ್ರಿ ಕೇಳಿದ ಪ್ರಶ್ನೆ ಇದು. ಅವರು ಗುಡಿಗೋಪುರಗಳ ಮೇಲೆ ಗಾರೆಯ ಬೊಂಬೆಗಳನ್ನು ಕಟ್ಟುವವರು. ಬಂಗಾರಪೇಟೆ ಕಡೆಯ ಹಳ್ಳಿಯಿಂದ ತಮ್ಮ ಮೂವರು ಆಳುಗಳನ್ನು ಕರೆದುಕೊಂಡು ಬಂದಿದ್ದರು. ನಾನು ಪ್ರಾಣಿಶಾಸ್ತ್ರ ಓದಿದವಳು, ರಾಬರ್ಟ್‌ಸನ್‌ಪೇಟೆಯಿಂದ ಚಿತ್ರಗಳ ಸುರುಳಿ ಹಿಡಿದು ಆಟೋದಲ್ಲಿ ಬಂದಿದ್ದೆ. ಹಳೆಯ ಚಿನ್ನದ ಗಣಿಗಳ ಪಕ್ಕದ ಕೋರಮಂಡಲ್ ಕಡೆ ಬಾಡಿಗೆಗೆ ಹಿಡಿದಿದ್ದ ಹಳೆಯ ತಗಡಿನ ಶೆಡ್ಡಿನಲ್ಲಿ ನಾವು ಮೊದಲ ಸಲ ಮುಖ ನೋಡಿದ್ದು.

"ಎರಡೂ ಅಲ್ಲ, ಪ್ರಾಣಿ" ಎಂದೆ.

ಹಾಗೆನ್ನುವಾಗ ನಾನು ನಕ್ಕೆ ಎಂದು ಮೇಸ್ತ್ರಿ ಆಮೇಲೆ ಹಲವು ಸಲ ಹೇಳಿದರು. ನಕ್ಕ ನೆನಪು ನನಗಿಲ್ಲ. ಆ ದಿನದ ದಿನಚರಿಯಲ್ಲಿ ಶೆಡ್ಡಿನ ಉದ್ದಗಲ ಇದೆ, ಗಾಳಿ ಜೋರು ಎಂದಿದೆ, ನಗೆಯ ಮಾತಿಲ್ಲ. ಆದರೆ ತಾನು ನಕ್ಕಿದ್ದನ್ನು ಯಾರು ಬರೆದುಕೊಳ್ಳುತ್ತಾರೆ?

ಕೆಲಸ ಇಷ್ಟು. ಬಂಗಾರಪೇಟೆ ರಸ್ತೆಯಲ್ಲಿ ಒಬ್ಬ ಮಾಲೀಕರು ಶಾಲೆಯ ಮಕ್ಕಳಿಗೆಂದು ಒಂದು ಪ್ರಾಣಿವನ ಕಟ್ಟಿಸುತ್ತಿದ್ದರು. ಸಿಮೆಂಟಿನ ಆನೆ, ಜಿರಾಫೆ ಆಗಲೇ ನಿಂತಿದ್ದವು. ಅವರಿಗೆ ಒಂದು ಗೊರಿಲ್ಲಾ ಬೇಕಿತ್ತು, ನನ್ನನ್ನು ಕರೆದದ್ದು ಅದರ ಫಲಕ ಬರೆಯಲು. ಗೊರಿಲ್ಲಾ ಒಂದಲ್ಲ ನಾಲ್ಕು ಬಗೆ, ನಾಲ್ಕನ್ನೂ ನಿಜ ಗಾತ್ರದಲ್ಲಿ ಅಕ್ಕಪಕ್ಕ ನಿಲ್ಲಿಸಿದರೆ ಇಂಥದ್ದು ಸುತ್ತಮುತ್ತ ಎಲ್ಲೂ ಇರುವುದಿಲ್ಲ ಎಂದು ನಾನೇ ಅವರ ತಲೆಗೆ ತುಂಬಿದೆ. ಅವರು ಒಪ್ಪಿದರು, ಒಂದು ಷರತ್ತು ಹಾಕಿ.

"ನಾಲ್ಕೂ ಬೇರೆ ಬೇರೆ ಅಂತ ನಾನು ನೋಡಿದ ತಕ್ಷಣ ಗೊತ್ತಾಗ್ಬೇಕು ಮೇಡಂ. ಫಲಕ ಓದಿ ಅಲ್ಲ, ನೋಡಿ. ಗೊತ್ತಾಗ್ಲಿಲ್ವಾ, ಅದನ್ನ ಕಿತ್ತು ಡೈನೋಸಾರ್ ತರಿಸ್ತೀನಿ. ಡೈನೋಸಾರ್ ಸರಿಯಿಲ್ಲ ಅನ್ನೋಕೆ ಯಾವನೂ ಅದನ್ನ ನೋಡಿಲ್ಲ."

ನಾನು ಓದಿದ್ದನ್ನು ಕೇಳಿ ಯಾರಾದರೂ ಏನನ್ನಾದರೂ ಕಟ್ಟಲು ಹೊರಟದ್ದು ಈ ಊರಿನಲ್ಲಿ ಅದೇ ಮೊದಲು. ನಾಲ್ಕೂ ನಿಲ್ಲಬೇಕು ಎಂಬುದು ನನಗೆ ಹಟವಾಯಿತು.

ನಾನು ಕೊಟ್ಟ ಚಿತ್ರಗಳಲ್ಲಿ ಎಲ್ಲವೂ ಇತ್ತು ಎಂದೇ ನಂಬಿದ್ದೆ. ಪಶ್ಚಿಮ ತಗ್ಗುನಾಡಿನ ಗೊರಿಲ್ಲಾ: ಕಂದು ಬೂದು ಮೈ, ನೆತ್ತಿಯ ಮೇಲೆ ಕೆಂಚು ಕೂದಲು, ಗಂಡಿನ ಬೆನ್ನಿನ ಬೆಳ್ಳಿ ಬಣ್ಣ ತೊಡೆಯವರೆಗೂ ಇಳಿದದ್ದು. ಪೂರ್ವ ತಗ್ಗುನಾಡಿನದು ಎಲ್ಲಕ್ಕಿಂತ ದೊಡ್ಡದು: ಗಿಡ್ಡ ಕಪ್ಪು ಕೂದಲು, ದೊಡ್ಡ ಅಂಗೈ, ತುಸು ಉದ್ದನೆಯ ಮುಖ. ಬೆಟ್ಟದ ಗೊರಿಲ್ಲಾಕ್ಕೆ ಚಳಿ ತಡೆಯುವ ಉದ್ದ ಒತ್ತು ಕೂದಲು, ಉಳಿದವುಗಳಿಗಿಂತ ಗಿಡ್ಡ ತೋಳು, ನೆತ್ತಿಯಲ್ಲಿ ಎತ್ತರದ ದಿಬ್ಬ. ನಾಲ್ಕನೆಯದು ಕ್ರಾಸ್ ರಿವರ್ ಗೊರಿಲ್ಲಾ, ಕಾಡಿನಲ್ಲಿ ಕೆಲವು ನೂರಷ್ಟೇ ಉಳಿದಿರುವ, ಪಶ್ಚಿಮದ್ದಕ್ಕೆ ಬಹಳ ಹತ್ತಿರದ ಬಗೆ. ಎಲ್ಲಕ್ಕೂ ನಿಂತಾಗಿನ ಎತ್ತರವನ್ನು ಅಡಿ ಇಂಚುಗಳಲ್ಲಿ ಬರೆದಿದ್ದೆ. ಸುಮಾರು ಐದೂವರೆ ಅಡಿ, ಪೂರ್ವದ್ದು ಸ್ವಲ್ಪ ಹೆಚ್ಚು.

"ಐದೂವರೇನಾ?" ಮೇಸ್ತ್ರಿಯ ಆಳುಗಳಲ್ಲಿ ಉದ್ದನೆಯವನು ನನ್ನ ಮುಂದೆಯೇ ಎದ್ದು ನಿಂತು ತೋರಿಸಿದ. "ನಾನೇ ಆರಡಿ ಇದ್ದೀನಿ. ನನ್ನೇ ನಿಲ್ಸಿ, ಬಣ್ಣ ಬಳೀರಿ."

"ತೂಕ ನಿನ್ನ ಮೂರರಷ್ಟು ಇರುತ್ತೆ" ಎಂದೆ.

"ಅಂಗಾರೆ ನಮ್ಮತ್ತೇನ ಕರ್ಸಾನ" ಎಂದಳು ಗಾರೆ ಕಲಸುವ ಹೆಂಗಸು. ಶೆಡ್ಡಿನಲ್ಲಿ ಅವಳೊಬ್ಬಳೇ ನನ್ನನ್ನು ಅಮ್ಮಣ್ಣಿ ಎನ್ನುತ್ತಿದ್ದವಳು. ಉಳಿದವರಿಗೆ ನಾನು ಕೋತಿ ಮೇಡಮ್ಮ. ಮೇಸ್ತ್ರಿ ನನ್ನ ಎದುರು ಕನ್ನಡದಲ್ಲಿ ತಾಳ್ಮೆಯಿಂದಲೇ ಮಾತಾಡಿ, ತಿರುಗಿ ಆಳುಗಳಿಗೆ ತೆಲುಗಿನಲ್ಲಿ, "ಈಯಮ್ಮಕು ಕೋತುಲು ತಪ್ಪ ಏಮೀ ತೆಲೀದು" ಎನ್ನುತ್ತಿದ್ದರು. ಕೋತಿ ಬಿಟ್ಟರೆ ನನಗೇನೂ ತಿಳಿಯದಂತೆ. ನನಗೆ ತೆಲುಗು ಬರುವುದಿಲ್ಲ ಎಂದು ಅವರು ತಿಳಿದಿರಲಾರರು. ಇಲ್ಲಿ ಹುಟ್ಟಿದವರು ಮೂರು ಭಾಷೆಯಲ್ಲೂ ಬೈಸಿಕೊಳ್ಳಬಲ್ಲರು. ಕೇಳಲಿ ಎಂದೇ ಹೇಳುತ್ತಿದ್ದರು.

ಒಂದು ಮಧ್ಯಾಹ್ನ ಹೋದಾಗ ನನ್ನ ಬೆಟ್ಟದ ಗೊರಿಲ್ಲಾದ ಚಿತ್ರ ನೆಲದ ಮೇಲೆ ಹಾಸಿತ್ತು. ಅದರ ಎದೆಯ ಮೇಲೆ ಮುದ್ದೆ, ಸೊಪ್ಪಿನ ಸಾರು ಇಟ್ಟು ಉಣ್ಣುತ್ತಿದ್ದರು. ನಾನು ಕೇಳಿದೆ. "ದೊಡ್ಡ ಕಾಗ್ದ ಅದೇ ಇದ್ದಿದ್ದು" ಎಂದ ಉದ್ದನೆಯವನು, ತುತ್ತು ನುಂಗಿ.

ಕಂಬಿಯ ಹಂದರಗಳನ್ನು ಅವರು ನೆಲದ ಮೇಲೆ ಮಲಗಿಸಿಯೇ ಕಟ್ಟುತ್ತಿದ್ದರು. ಕಂಬಿ ಬಗ್ಗಿಸಿ, ತಂತಿಯಿಂದ ಬಿಗಿದು, ಮೇಲೆ ಕೋಳಿಬಲೆ ಸುತ್ತುವುದು. ಅದರ ಮೇಲೆ ಗಾರೆ. ನಾನು ಆ ದಿನಗಳಲ್ಲಿ ಮೂಲೆಯಲ್ಲಿ ಕುಳಿತು ಜೇಡಿಮಣ್ಣಿನಲ್ಲಿ ನಾಲ್ಕು ಮೂಗುಗಳ ಮಾದರಿ ಮಾಡುತ್ತಿದ್ದೆ. ಒಂದೊಂದು ಗೊರಿಲ್ಲಾವನ್ನೂ ಮೂಗಿನಿಂದಲೇ ಗುರುತಿಸಬಹುದು, ಒಂದೇ ಬಗೆಯೊಳಗೂ ಒಂದರ ಮೂಗು ಇನ್ನೊಂದಕ್ಕಿರುವುದಿಲ್ಲ. ಮೂಗಿನಲ್ಲಿ ಮುಳುಗಿದ್ದವಳಿಗೆ ಬೆನ್ನ ಹಿಂದೆ ಮಲಗಿದ್ದ ಕಂಬಿಗಳ ಉದ್ದ ಕಾಣಲಿಲ್ಲ. ಮಲಗಿದ ವಸ್ತುವಿನ ಎತ್ತರ ಹಾಗೆಲ್ಲ ಕಣ್ಣಿಗೆ ಹೊಳೆಯುವುದೂ ಇಲ್ಲ.

ಮೊದಲ ಹಂದರವನ್ನು ಎತ್ತಿ ನಿಲ್ಲಿಸಿದಾಗ ಅದರ ತಲೆ ಶೆಡ್ಡಿನ ತೊಲೆಗೆ ತಗುಲಿತು. ಒಂಬತ್ತು ಅಡಿಗೆ ತುಸು ಕಡಿಮೆ. ಕಾಲುಗಳು ನೀಳ, ತೋಳುಗಳು ಸೊಂಟದ ಕೆಳಗೆ ಸ್ವಲ್ಪವೇ ಇಳಿದವು. ಗದೆ ಕೊಟ್ಟರೆ ಗರ್ಭಗುಡಿಯ ಬಾಗಿಲು ಕಾಯಬಹುದಿತ್ತು. ಉಳಿದ ಮೂರೂ ಅಷ್ಟೇ ಎತ್ತರ, ಅದೇ ಆಕಾರ.

"ಮೇಸ್ತ್ರಿ, ನಾನು ಅಡಿ ಲೆಕ್ಕ ಬರೆದು ಕೊಟ್ಟಿದ್ದೆನಲ್ಲ?"

"ಅಡಿ ಲೆಕ್ಕ ಗ್ವಾಡೆಗೆ ಕಣಮ್ಮ. ಬೊಂಬೆಗೆ ಮಕ."

ಆಗ ಅವರು ಸೊಂಟದಿಂದ ಒಂದು ಬಿದಿರ ಸೀಳು ತೆಗೆದು ತೋರಿಸಿದರು. ಅವರ ಕಸುಬಿನಲ್ಲಿ ಬೊಂಬೆಯ ಎಲ್ಲ ಅಳತೆಯೂ ಅದರ ಮುಖದಿಂದ ಹುಟ್ಟುತ್ತದೆ. ಹಣೆಯ ಕೂದಲಂಚಿನಿಂದ ಗದ್ದದವರೆಗೆ ಒಂದು ಸೀಳು ಕತ್ತರಿಸಿಕೊಳ್ಳುತ್ತಾರೆ. ದೊಡ್ಡ ದೇವರಿಗೆ ಅಂಥ ಹತ್ತು ಮುಖ, ರಾಕ್ಷಸರಿಗೆ ಎಂಟು. ಕಿರೀಟದ ಲೆಕ್ಕ ಬೇರೆ, ಅದು ಮೇಲೆ ಕೂರುತ್ತದೆ. ನಾನು ಚಿತ್ರದಲ್ಲಿ ತಲೆ ಎಂದು ಗುರುತು ಹಾಕಿದ್ದು ನೆತ್ತಿಯ ದಿಬ್ಬದ ತುದಿಯಿಂದ ಗದ್ದಕ್ಕೆ. ಅವರು ಅದನ್ನೇ ಮುಖ ಎಂದುಕೊಂಡು ಸೀಳು ಕತ್ತರಿಸಿದ್ದರು, ದಿಬ್ಬವನ್ನು ಕಿರೀಟವೆಂದು ಮತ್ತೆ ಮೇಲೆ ಕೂರಿಸಿದ್ದರು. ದೇವರಲ್ಲ ಎಂದು ನಾನು ಹೇಳಿಯಾಗಿತ್ತು, ಹಾಗಾಗಿ ಎಂಟು ಮುಖ.

"ಪ್ರಾಣಿ ಅಂದೆನಲ್ಲ?"

"ಪ್ರಾಣಿ ನಾಕು ಕಾಲಲ್ಲಿ ನಿಲ್ತದೆ. ನೀನು ಬರ್ದು ಕೊಟ್ಟಿದ್ದು ಎಲ್ಡು ಕಾಲಲ್ಲಿ ನಿಂತಿದ್ದು."

ಅದಕ್ಕೆ ನನ್ನಲ್ಲಿ ಉತ್ತರವಿತ್ತು: ಪುಸ್ತಕಗಳು ಎತ್ತರವನ್ನು ನಿಲ್ಲಿಸಿಯೇ ಹೇಳುತ್ತವೆ. ಆ ಉತ್ತರ ಶೆಡ್ಡಿನಲ್ಲಿ ಯಾರಿಗೂ ಬೇಕಿರಲಿಲ್ಲ.

ಕೆಟ್ಟದ್ದೆಂದರೆ ಮಾಲೀಕರು ಬಂದವರೇ ಹಂದರಗಳ ಸುತ್ತ ಎರಡು ಸಲ ಓಡಾಡಿ ತೊಡೆ ತಟ್ಟಿಕೊಂಡರು. "ಇದು! ಇದು ಗೊರಿಲ್ಲಾ! ಹೀಗಿರ್ಬೇಕು!" ಮೇಸ್ತ್ರಿ ನನ್ನ ಕಡೆ ನೋಡಲಿಲ್ಲ. ನೋಡದಿರುವುದನ್ನು ಅವರು ಚೆನ್ನಾಗಿ ಮಾಡುತ್ತಿದ್ದರು.

"ಯಾವುದು ಯಾವ ಬಗೆ, ನೀವೇ ಹೇಳಿ ಸರ್" ಎಂದೆ.

ಅವರು ಒಂದರಿಂದ ಇನ್ನೊಂದಕ್ಕೆ ಕಣ್ಣಾಡಿಸಿದರು. "ಬಣ್ಣದಲ್ಲಿ ತೋರಿಸಿದರಾಯ್ತು."

"ಬಣ್ಣ ಬಳಿದ ನಾಲ್ಕು ರಾಕ್ಷಸರಾಗುತ್ತವೆ. ನೋಡಿದ ತಕ್ಷಣ ಗೊತ್ತಾಗ್ಬೇಕು ಅಂದವರು ನೀವು."

ಅವರ ಮುಖ ಇಳಿಯಿತು. ತಾವು ಹಾಕಿದ ಷರತ್ತು ತಮ್ಮ ಕುತ್ತಿಗೆಗೇ ಬಂದದ್ದನ್ನು ಯಾವ ಮಾಲೀಕರೂ ಮರೆಯುವುದಿಲ್ಲ. "ಸರಿ, ಬಿಚ್ಚಿಸಿ. ಆದರೆ ಒಂದಾದರೂ ಬಾಯಿ ತೆರೆದು ಹಲ್ಲು ತೋರಿಸ್ಬೇಕು. ಮಕ್ಕಳು ಹೆದರದೇ ಇದ್ದರೆ ಗೊರಿಲ್ಲಾ ಯಾಕೆ? ಮತ್ತೆ, ಕೊನೆಗೆ ನಾನು ನೋಡ್ತೀನಲ್ಲ ಮೇಡಂ, ಆಗ ನೀವು ಬಾಯಿ ಬಿಡೋ ಹಾಗಿಲ್ಲ."

ಬಿಗಿದ ತಂತಿಗಳನ್ನು ಬಿಚ್ಚಿ ಕಂಬಿ ನೆಟ್ಟಗೆ ಮಾಡುವುದು ಕಟ್ಟುವುದಕ್ಕಿಂತ ಕಷ್ಟ. ಆಳುಗಳ ಬೆರಳುಗಳಲ್ಲಿ ಗೀರುಗಳೆದ್ದವು. ನಾನು ಕೂರುತ್ತಿದ್ದ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಸುಣ್ಣದ ಡಬ್ಬ ಬಂದು ಕೂತಿತು, ಅದನ್ನು ಇಳಿಸಲು ನನಗೂ ಮನಸ್ಸಾಗಲಿಲ್ಲ.

ಲೆಕ್ಕ ಹಾಕಿ ನೋಡಿದೆ. ಗೊರಿಲ್ಲಾದ ದೊಡ್ಡ ತಲೆಗೂ ಗಿಡ್ಡ ಕಾಲಿಗೂ ಐದು ಮುಖದ ಅಳತೆ ಬಹುಮಟ್ಟಿಗೆ ಕೂರುತ್ತಿತ್ತು. ಹೇಳಿದೆ. ಮೇಸ್ತ್ರಿ ಕರಣೆಯನ್ನು ನೀರಿನ ಬಾನಿಯೊಳಗೆ ಹಾಕಿ ಎದ್ದು ನಿಂತರು.

"ಐದು ಮಕ ಗಣಪ್ಪಂದು. ಆ ಸೀಳು ಕುಯ್ಯುವಾಗ ನಾನು ಕಾಲಲ್ಲಿ ಮೆಟ್ಟು ಆಕಲ್ಲ. ಅದನ್ನ ತಂದು ಕೋತಿಗೆ ಇಕ್ಲಾ?"

"ಮೂರು ವರ್ಷದ ಮಗೂನೂ ಐದು ಮುಖಾನೇ ಇರುತ್ತೆ ಮೇಸ್ತ್ರಿ."

"ಮಗು ದೇವ್ರಲ್ವಾ?"

ಗಾರೆ ಕಲಸುವವಳು ಸೆರಗು ಬಾಯಿಗಿಟ್ಟುಕೊಂಡಳು. ಮೇಸ್ತ್ರಿ ಆಳುಗಳನ್ನು ಕರೆದುಕೊಂಡು ಹೊರಟೇಹೋದರು. ಮರುದಿನವೂ ಬರಲಿಲ್ಲ.

ಆ ಸಂಜೆ ರಾಬರ್ಟ್‌ಸನ್‌ಪೇಟೆಯ ಮಾರುಕಟ್ಟೆಯಲ್ಲಿ ನಾನು ಹೂವಿನ ಬುಟ್ಟಿಗಳ ಮುಂದೆ ಸುಮ್ಮನೆ ನಿಂತಿದ್ದೆ. ಒಬ್ಬಾಕೆ ಹೂವಾಡಗಿತ್ತಿಯ ಜೊತೆ ಜಗಳಕ್ಕಿಳಿದಿದ್ದಳು. "ನಿನ್ ಕೈ ಗಿಡ್ಡ ಕಣೇ. ನಿನ್ ಮೊಳ ಬ್ಯಾಡ, ಆ ಉದ್ದನೇ ಅಕ್ಕನ ಮೊಳ ಕೊಡು." ಹೂವಾಡಗಿತ್ತಿ, "ಅಂಗಾರೆ ಅವಳನ್ನೇ ಮುಡ್ಕೋ ಓಗು" ಎಂದಳು. ಮೊಣಕೈಯಿಂದ ನಡುಬೆರಳ ತುದಿಗೆ ಒಂದು ಮೊಳ, ಅವರವರ ಮೊಳ ಅವರವರಿಗೆ. ಮನುಷ್ಯ ತನ್ನ ಕೈಯಲ್ಲಿ ಮೂರೂವರೆ ಮೊಳ ಎನ್ನುತ್ತಾರೆ. ಗೊರಿಲ್ಲಾ ತನ್ನ ಕೈಯಲ್ಲಿ ಮೂರು ಮೊಳವೂ ಇರಲಿಕ್ಕಿಲ್ಲ, ಅದರ ಮುಂಗೈ ಅಷ್ಟು ಉದ್ದ. ಮುಖವನ್ನು ಬಿಟ್ಟುಬಿಡುವುದು, ಕೈಯಿಂದ ಶುರು ಮಾಡುವುದು. ನಿಲ್ಲಿಸುವುದೂ ಬೇಡ. ಕಾಡಿನಲ್ಲಿ ಅವು ಮಡಿಚಿದ ಬೆರಳ ಗೆಣ್ಣುಗಳನ್ನು ಊರಿ ನಾಲ್ಕು ಕಾಲಲ್ಲೇ ನಡೆಯುತ್ತವೆ. ಹಾಗೆ ಮಾಡಿದರೆ ಭುಜದ ಎತ್ತರ ಮಾಲೀಕರ ಎದೆಯ ಮಟ್ಟಕ್ಕೂ ಬಾರದು. ಅವರು ಕೂಗಾಡುತ್ತಾರೆ. ಕೂಗಾಡಲಿ ಎಂದು ಅಲ್ಲೇ ನಿಶ್ಚಯಿಸಿದೆ. ಈ ಯೋಚನೆ ಅಲ್ಲೇ ಬಂತೋ, ಮನೆಗೆ ಬಂದು ಪುಸ್ತಕ ತೆರೆದಾಗ ಬಂತೋ ಎಂಬ ಅನುಮಾನ ಈಗ ಇದೆ. ಆದರೆ ಆ ಇಬ್ಬರು ಹೆಂಗಸರ ದನಿ ಮಾತ್ರ ಸ್ಪಷ್ಟ.

ಮೇಸ್ತ್ರಿಯ ಹಳ್ಳಿಗೆ ಬಸ್ಸಿನಲ್ಲಿ ಹೋದೆ. ಅವರು ಹಸುವಿಗೆ ನೀರು ತೋರಿಸುತ್ತಿದ್ದರು, ಕೂರು ಎನ್ನಲಿಲ್ಲ. ಹೇಳಿದ್ದನ್ನು ಪೂರ್ತಿ ಕೇಳಿಸಿಕೊಂಡರು.

"ಮೊಳಕ್ಕೆ ದೇವ್ರು ಗೀವ್ರು ಇಲ್ಲ" ಎಂದರು ಕೊನೆಗೆ. "ಅಗ್ಗಕ್ಕೆ ಮೊಳ, ಊವಿಗೆ ಮೊಳ. ಮಾಡಬೌದು. ಆದ್ರೆ ಕೇಳಮ್ಮ, ಅದು ನನ್ನ ಬೊಂಬೆ ಅಲ್ಲ. ಕೂಲಿ ಕೆಲಸ. ನೀನು ತೋರ್ಸಿದ್ದು ಕಟ್ತೀನಿ, ಚೆಂದ ಬರ್ಲಿಲ್ಲ ಅಂದ್ರೆ ನನ್ ಕೇಳ್ಬ್ಯಾಡ."

ಈ ಸಲ ನಾಲ್ಕು ಸೀಳು. ಬೆಟ್ಟದ್ದಕ್ಕೆ ಗಿಡ್ಡದು, ಪೂರ್ವದ್ದಕ್ಕೆ ಎಲ್ಲಕ್ಕಿಂತ ಉದ್ದ. ಬೆನ್ನು ಎಷ್ಟು ಮೊಳ, ಕಾಲು ಎಷ್ಟು, ಭುಜದಿಂದ ಭುಜಕ್ಕೆ ಎಷ್ಟು ಎಂಬುದನ್ನು ಅದರದರ ಮೊಳದಲ್ಲೇ ಹೇಳುತ್ತಾ ಹೋದೆ. ಅವರು ಮೊದಲು ಕೈಗಳನ್ನು ಕಟ್ಟಿ ನೆಲಕ್ಕೆ ಊರಿದರು, ಆಮೇಲೆ ಅವುಗಳ ಮೇಲೆ ಮೈ ಏರಿಸಿದರು. ಕೈಯಿಂದ ಶುರುವಾದದ್ದಕ್ಕೋ ಏನೋ, ಭಾರವೆಲ್ಲ ಮುಂದಕ್ಕೆ ಬಂತು. ಬಲೆ ಸುತ್ತುವ ಹೊತ್ತಿಗೇ ನಾಲ್ಕೂ ಬೇರೆಯಾಗಿ ಕಾಣತೊಡಗಿದವು. ಇಲ್ಲ, ತಪ್ಪು ಬರೆದೆ. ಮೂರು ಬೇರೆಯಾಗಿ ಕಂಡವು. ಪಶ್ಚಿಮದ್ದೂ ಕ್ರಾಸ್ ರಿವರ್‌ದೂ ಅಣ್ಣತಮ್ಮಂದಿರಂತಿದ್ದವು. ಅದು ಆಗಲೇ ನನ್ನ ಕಣ್ಣಿಗೆ ಬಿದ್ದಿತ್ತು, ಆಮೇಲೆ ನೋಡೋಣ ಎಂದು ಬಿಟ್ಟಿದ್ದೆ.

ಒರಟು ಗಾರೆ ಒಣಗಿದ ಮೇಲೆ ನಯ ಗಾರೆ, ಅದು ಹಸಿಯಿರುವಾಗಲೇ ಕೂದಲು. ಬೆಟ್ಟದ ಗೊರಿಲ್ಲಾಕ್ಕೆ ಕಡ್ಡಿಪೊರಕೆಯಿಂದ ಮೇಲಿಂದ ಕೆಳಕ್ಕೆ ಆಳವಾಗಿ ಎಳೆದರು. ಪೂರ್ವದ್ದಕ್ಕೆ ತೆಂಗಿನ ನಾರಿನಿಂದ ಬರೀ ಸವರಿದರು. ಬೆಟ್ಟದ್ದರ ಬೆನ್ನು ಮುಗಿದ ದಿನ ಗಣಿಯ ಪುಡಿಮಣ್ಣು ಸುರಿದ ಸೈನೈಡ್ ದಿಬ್ಬದ ಕಡೆಯಿಂದ ಗಾಳಿ ಎದ್ದು ಶೆಡ್ಡಿನ ತೆರೆದ ಬದಿಯಿಂದ ದೂಳು ನುಗ್ಗಿತು. ಹಸಿ ಗಾರೆಯ ಕೂದಲೆಲ್ಲ ಬೂದಿ ಮೆತ್ತಿದ ಹಾಗಾಯಿತು. ಕೆರೆದು ಮತ್ತೆ ಬಳಿಯಬೇಕು ಎಂದೆ. ಉದ್ದನೆಯವನು ಪೊರಕೆಯನ್ನು ನನ್ನ ಕಾಲ ಬಳಿ ಎಸೆದ.

"ಗಾಳಿಗೂ ನೀನೇ ಏಳ್ಬುಡು ಮೇಡಮ್ಮ, ಎಷ್ಟು ಮೊಳ ಬೀಸ್ಬೇಕು ಅಂತ."

ಕೆರೆದರು. ಮತ್ತೆ ಬಳಿದರು. ಗೋಣಿಚೀಲ ನೆನೆಸಿ ಹೊದಿಸಿ ನೀರುಣಿಸಿದರು. ಮಾಲೀಕರ ಮಾತಿನಂತೆ ಪಶ್ಚಿಮದ್ದಕ್ಕೆ ಬಾಯಿ ತೆರೆಸಿ ಹಲ್ಲು ಕೂರಿಸಿದರು. ಬಣ್ಣವಾಯಿತು: ಎರಡಕ್ಕೆ ಬೆಳ್ಳಿ ಬೆನ್ನಿಗೇ ನಿಂತಿತು, ಎರಡಕ್ಕೆ ತೊಡೆಗೆ ಇಳಿಯಿತು. ಕೊನೆಗೆ ಕಣ್ಣು. ಆ ಬೆಳಗ್ಗೆ ಮೇಸ್ತ್ರಿ ಸ್ನಾನ ಮಾಡಿ ಬಂದಿದ್ದರು. ಎಲ್ಲರನ್ನೂ ಹೊರಗೆ ಕಳಿಸಿ ಒಬ್ಬರೇ ನಾಲ್ಕಕ್ಕೂ ಕಣ್ಣು ಬರೆದರು. ಹೊರಬಂದು, "ಕಣ್ಣು ತೆರೆದಾಯ್ತು. ಇನ್ನು ಉಳಿ, ಕರಣೆ ಏನೂ ಮುಟ್ಟಿಸಂಗಿಲ್ಲ" ಎಂದರು. ಗೋಪುರದ ಬೊಂಬೆಗೂ ಹಾಗೆಯೇ ಅಂತೆ. ಕೂಲಿ ಕೆಲಸ ಎಂದವರಿಗೆ ಇದೇಕೆ ಎಂದು ಕೇಳಬೇಕೆನಿಸಿತು.

ಗುರುವಾರ ಮಾಲೀಕರು ಬಂದರು.

"ಇಷ್ಟೇನಾ ಎತ್ತರ?"

ನಾನು ಬಾಯಿ ಬಿಡುವ ಹಾಗಿರಲಿಲ್ಲ. ಅವರು ಬೆಟ್ಟದ್ದರ ಕೂದಲ ಮೇಲೆ ಕೈಯಾಡಿಸಿದರು. ಪೂರ್ವದ್ದರ ಅಂಗೈ ಪಕ್ಕ ತಮ್ಮ ಅಂಗೈ ಇಟ್ಟು ನೋಡಿ ಹಿಂದಕ್ಕೆ ತೆಗೆದುಕೊಂಡರು. ಪಶ್ಚಿಮದ್ದರ ಬಾಯಿ ಬಗ್ಗಿ ನೋಡಿದರು. ಎತ್ತರದ ಮಾತು ಮತ್ತೆ ಬರಲಿಲ್ಲ. ನಾಲ್ಕನೆಯದರ ಮುಂದೆ ಬಂದು ತಿರುಗಿದರು.

"ಇದೂ ಅದೂ ಒಂದೇ."

"ಒಂದೇ ಅಲ್ಲ ಸರ್."

"ವ್ಯತ್ಯಾಸ ತೋರಿಸಿ."

ವ್ಯತ್ಯಾಸ ಇರುವುದು ತಲೆಬುರುಡೆಯಲ್ಲಿ, ದವಡೆಯಲ್ಲಿ, ಹಲ್ಲಿನಲ್ಲಿ ಎಂದು ಹೇಳಿದೆ. ಕ್ರಾಸ್ ರಿವರ್‌ದರ ಬುರುಡೆ ಗಿಡ್ಡ, ಅಂಗುಳ ಗಿಡ್ಡ, ಹಲ್ಲು ಸಣ್ಣ. ಮೈ ನೋಡಿ ಹೇಳುವುದು ತಿಳಿದವರಿಗೂ ಕಷ್ಟ.

"ತಿಳಿದವರಿಗೇ ಕಷ್ಟ ಅಂದ್ರೆ ಮಕ್ಕಳಿಗೆ?" ಅವರು ಗೆದ್ದಿದ್ದರು. "ಸೋಮವಾರ ಪೀಠಕ್ಕೆ ಗುಂಡಿ ತೋಡೋರು ಅಳತೆ ತಗೊಳ್ಳೋಕೆ ಬರ್ತಾರೆ. ಮೂರು ಪೀಠ ಸಾಕು. ಇದನ್ನ ಇಲ್ಲೇ ಒಡೆದು ಹಾಕಿ."

ಅವರ ಕಾರು ಹೋದ ಮೇಲೆ ಮೇಸ್ತ್ರಿ ಬೀಡಿ ಹಚ್ಚಿದರು. "ಎದೆಗೆ ಒಂದೀಟು ಕೆಂಪು ಬಳೀತೀನಿ ಬುಡು. ಬ್ಯಾರೆ ಕಾಣ್ತದೆ. ಅವಪ್ಪಂಗೆ ಏನು ಗೊತ್ತಾಗ್ತದೆ."

ಸುಲಭವಿತ್ತು. ಒಂದು ಕುಂಚ ಬಣ್ಣ. ಆ ಕೆಂಪನ್ನು ನೋಡಿ ಹೋದ ಮಗು ಇದೇ ಗುರುತು ಎಂದುಕೊಳ್ಳುತ್ತದೆ, ಅಷ್ಟೆ. ಆ ಕ್ಷಣ ನನಗೆ ಆಸೆಯಾಗಲಿಲ್ಲ ಎಂದು ಬರೆದರೆ ಸುಳ್ಳಾಗುತ್ತದೆ.

"ಬೇಡ. ಬಾಯಿ ತೆರೆಸಿ. ಪಶ್ಚಿಮದ್ದರ ಪಕ್ಕದಲ್ಲಿ ಇದರ ಹಲ್ಲೂ ಕಾಣಲಿ. ಸಣ್ಣದು ಅಂತ ಯಾರಿಗಾದರೂ ಗೊತ್ತಾಗುತ್ತೆ."

ಮೇಸ್ತ್ರಿ ಬೀಡಿ ನೆಲಕ್ಕೆ ಉಜ್ಜಿದರು. "ಕಣ್ಣು ತೆರೆದಿರೋ ಮಕಕ್ಕೆ ಉಳಿ ಇಕ್ಕಂತೀಯ?"

"ಇದು ದೇವರಲ್ಲ, ಕೋತಿ ಅಂತ ನೀವೇ ಹೇಳಿದ್ದು."

"ದೇವ್ರಲ್ಲ. ಆದ್ರೆ ಅದು ನೋಡ್ತಾ ಐತಲ್ಲ! ನನ್ನ ನೋಡ್ತಿರೋದ್ರ ಬಾಯಿ ನಾನು ಒಡೀತೀನಾ?" ಅವರ ದನಿ ತಗಡಿಗೆ ಬಡಿದು ವಾಪಸು ಬಂತು. "ನಲವತ್ತು ವರ್ಸದಿಂದ ಒಂದಕ್ಕೂ ಮುಟ್ಸಿಲ್ಲ. ನಿನ್ನ ಕೋತಿ ಅಲ್ಲಿನ ಲೆಕ್ಕಕ್ಕೆ ಮುಟ್ಸಲ್ಲ. ನಿಂಗೆ ಬೇಕಾದ್ರೆ ನೀನು ಒಡ್ಕೋ."

ನಾನು ಉಳಿ ಮತ್ತು ಸುತ್ತಿಗೆ ಎತ್ತಿಕೊಂಡೆ. ಧೈರ್ಯದಿಂದಲ್ಲ, ಅಷ್ಟು ಜನರ ಮುಂದೆ ಇನ್ನೇನೂ ಮಾಡಲು ತೋಚದೆ. ಮೊದಲ ಪೆಟ್ಟು ಜಾರಿ ತುಟಿಯ ಕೆಳಗೆ ಬಿಳಿ ಗೀರಾಯಿತು. ಎರಡನೆಯದಕ್ಕೆ ಗದ್ದದಿಂದ ಒಂದು ಚಕ್ಕೆ ಹಾರಿತು. ಅದು ಬೇಕಾದದ್ದಕ್ಕಿಂತ ದೊಡ್ಡದು. ಒಳಗಿನ ಬಲೆ ಕಂಡಿತು. ಇನ್ನೊಂದು ಪೆಟ್ಟು ಬಿದ್ದಿದ್ದರೆ ದವಡೆ ಪೂರ್ತಿ ಉದುರುತ್ತಿತ್ತು. ಉದ್ದನೆಯವನು ನಗಲಿಲ್ಲ. ಯಾರೂ ನಗಲಿಲ್ಲ. ಬೈಗುಳಕ್ಕಿಂತ ಅದು ಕೆಟ್ಟದಾಗಿತ್ತು.

"ಸಾಕು ನಿಲ್ಸಮ್ಮಾ" ಎಂದರು ಮೇಸ್ತ್ರಿ.

ಅವರು ಹೆಗಲ ಮೇಲಿನ ಟವೆಲ್ ತೆಗೆದು ಬಾನಿಯಲ್ಲಿ ಅದ್ದಿ ಹಿಂಡಿದರು. ಗೊರಿಲ್ಲಾದ ಹಿಂದೆ ಹೋಗಿ, ಅದರ ಕಣ್ಣುಗಳ ಮೇಲೆ ಟವೆಲ್ ಹಾಯಿಸಿ ಹಿಂದಲೆಗೆ ಗಂಟು ಹಾಕಿದರು. ಎರಡು ಸಲ ಎಳೆದು ನೋಡಿದರು, ಸಡಿಲವಿಲ್ಲವೆಂದು. ಆಮೇಲೆ ನನ್ನ ಕೈಯಿಂದ ಉಳಿ ಕಿತ್ತುಕೊಂಡರು.

"ನಿಂಗೋಸ್ಕರ ಅಲ್ಲ. ಅರ್ಧ ಮುರ್ದ ಬಾಯಿ ಇಕ್ಕೊಂಡು ನಿಲ್ಲಬಾರ್ದು ಅಂತ. ಆ ಕಡೆ ಓಗು."

ನಾನು ಆ ಕಡೆ ಹೋಗಿ, ಅಲ್ಲಿಂದಲೇ ಅಳತೆ ಹೇಳಿದೆ. ಅವರು ಮೂಗಿನ ಕೆಳಗಿಂದ ಗದ್ದದವರೆಗೆ ಗಾರೆ ಬಿಡಿಸಿದರು, ಬಲೆ ಕತ್ತರಿಸಿದರು, ಕಂಬಿಯನ್ನು ಇಕ್ಕಳದಲ್ಲಿ ಹಿಡಿದು ಕೆಳದವಡೆ ಇಳಿಸಿದರು. ಹಳೆ ಗಾರೆಗೆ ಹೊಸದು ಹತ್ತಲೆಂದು ಸಿಮೆಂಟ್ ಹಾಲು ಬಳಿದರು. ಹಲ್ಲುಗಳನ್ನು ಒಂದೊಂದಾಗಿ ತಂತಿಯ ಚೂರಿನ ಮೇಲೆ ಕಟ್ಟಿದರು. ಪ್ರತಿ ಹಲ್ಲಿಗೂ ಪಶ್ಚಿಮದ್ದರ ಬಾಯಿಗೆ ಕೈ ಹಾಕಿ ಹೋಲಿಸಿ ಬರುವುದು, ಸಣ್ಣದು ಮಾಡುವುದು. "ಇನ್ನೂ ಸಣ್ಣ" ಎಂದೆ ಒಮ್ಮೆ. "ಕೋತೀನೋ ಇಲೀನೋ?" ಎಂದರು. ಮಾಡಿದರು. ಕತ್ತಲಾಗುವ ಮೊದಲು ಗೋಣಿ ಹೊದಿಸಿದರು. ಟವೆಲ್ ಬಿಚ್ಚಲಿಲ್ಲ. ಶುಕ್ರವಾರದಿಂದ ಭಾನುವಾರದವರೆಗೆ ಗಾರೆ ಕಲಸುವವಳು ಬಂದು ನೀರುಣಿಸಿ ಹೋದಳಂತೆ.

ಸೋಮವಾರ ಮಾಲೀಕರು, ಅವರ ಹಿಂದೆ ಗುಂಡಿ ತೋಡುವ ಇಬ್ಬರು. ಕಣ್ಣು ಕಟ್ಟಿಸಿಕೊಂಡು ಬಾಯಿ ತೆರೆದು ನಿಂತ ಗೊರಿಲ್ಲಾ ನೋಡಿ ಮಾಲೀಕರು, "ಏನಿದು, ಕಣ್ಣಾಮುಚ್ಚಾಲೆ?" ಎಂದರು. ಹೊಸ ಬಾಯಿಗೆ ಬಣ್ಣವಾಗಿರಲಿಲ್ಲ, ಸಿಮೆಂಟಿನ ಬೂದುಬಣ್ಣವೇ ಇತ್ತು.

"ಎರಡರ ಬಾಯೂ ನೋಡಿ ಸರ್" ಎಂದೆ. ಅಷ್ಟೇ ಹೇಳಿದೆ.

ಅವರು ಒಂದರಲ್ಲಿ ಬಗ್ಗಿದರು, ಇನ್ನೊಂದರಲ್ಲಿ ಬಗ್ಗಿದರು. ಮತ್ತೆ ಮೊದಲನೆಯದಕ್ಕೆ ಹೋದರು. ಕೋರೆಹಲ್ಲಿನ ಮೇಲೆ ಹೆಬ್ಬೆರಳು ಇಟ್ಟು, ಅದೇ ಹೆಬ್ಬೆರಳನ್ನು ತಂದು ಈ ಕೋರೆಹಲ್ಲಿನ ಮೇಲೆ ಇಟ್ಟರು. ಅದು ಹಲ್ಲನ್ನು ಪೂರ್ತಿ ಮುಚ್ಚಿತು.

"ಇದರ ಹಲ್ಲು ಸಣ್ಣದು" ಎಂದರು, ತಾವೇ ಕಂಡುಹಿಡಿದವರಂತೆ. ನನ್ನ ಕಡೆ ನೋಡದೆ ಗುಂಡಿಯವರಿಗೆ ಹೇಳಿದರು: "ನಾಲ್ಕು ತೋಡ್ರಪ್ಪ."

ಅವರು ಹೊರಗೆ ಹೋದರು. ನಾನೂ ಹೊರಟೆ.

"ನೀನು ನಿಲ್ಲು" ಎಂದರು ಮೇಸ್ತ್ರಿ. "ಇಂಗೆ ಮುಂದಕ್ಕೆ ಬಾ. ಮಕದ ಎದ್ರಿಗೆ."

ಬಂದೆ.

"ಕಣ್ಣು ತೆರೆದಾಗ ಮೊದಲ ನೋಟ ಮನುಷ್ರ ಮ್ಯಾಲೆ ಬೀಳ್ಬಾರ್ದು, ಬಿದ್ರೆ ಕೇಡು. ನಾವು ಕನ್ನಡಿ ಇಡಿತೀವಿ. ಅವತ್ತು ನಾಕಕ್ಕೂ ಕನ್ನಡಿ ಇಡ್ದಿದ್ದೆ." ಅವರು ಗೊರಿಲ್ಲಾದ ಹಿಂದೆ ನಿಂತು ಗಂಟಿಗೆ ಕೈ ಹಾಕಿದ್ದರು. "ಇವತ್ತು ಕನ್ನಡಿ ತಂದಿಲ್ಲ. ಒಡೆದೋಳು ನೀನು. ನೀನೇ ನಿಂತ್ಕೋ."

ಗಾರೆ ಕಲಸುವವಳು, "ಬ್ಯಾಡ ಬುಡಣ್ಣೋ, ಎಣ್ಣು ಮಗಳು" ಎಂದಳು. ಅವರು ಕೇಳಿಸಿಕೊಳ್ಳಲಿಲ್ಲ. ಪಕ್ಕಕ್ಕೆ ಸರಿಯುವುದು ನನಗೆ ಕಷ್ಟವೇನಿರಲಿಲ್ಲ. ಇದೊಂದು ಸಿಮೆಂಟಿನ ಪ್ರಾಣಿ, ಕಣ್ಣು ಅಂಗಡಿಯಿಂದ ತಂದ ಎನಾಮಲ್ ಬಣ್ಣ. ಹಾಗೆಂದುಕೊಂಡೇ ಸರಿಯದೆ ನಿಂತೆ.

ಒದ್ದೆ ಟವೆಲ್ ಜಾರಿ ಬಿತ್ತು. ಕಂದು ಕಣ್ಣುಗಳು, ಕೆಳಗೆ ಬಣ್ಣವಿಲ್ಲದ ಬಾಯಿ. ಅದು ನನ್ನನ್ನೇ ನೋಡುತ್ತಿತ್ತು. ಎಲ್ಲಿ ನಿಂತಿದ್ದರೂ ಹಾಗೇ ಕಾಣುತ್ತಿತ್ತೇನೋ.

ಮೇಸ್ತ್ರಿ ಟವೆಲ್ ಎತ್ತಿ ಕೊಡವಿ ಹೆಗಲಿಗೆ ಹಾಕಿಕೊಂಡು, ಸಾಮಾನು ಕಟ್ಟಲು ಹೋದರು. ಬರುತ್ತೇನೆ ಎನ್ನಲಿಲ್ಲ. ನಾನು ಆ ಕ್ಷಣ ಕಣ್ಣು ಮುಚ್ಚಿಕೊಂಡೆ ಎಂದು ಅವರು ಊರಲ್ಲಿ ಹೇಳಿಕೊಂಡು ತಿರುಗುತ್ತಾರಂತೆ. ಮುಚ್ಚಲಿಲ್ಲ ಎಂದು ನನ್ನ ದಿನಚರಿಯಲ್ಲಿದೆ. ಅದನ್ನು ಬರೆದವಳು ನಾನೇ.